ಶ್ರುತಿ ಇಳಿಸಿದವರು

ನಮ್ಮ ಗುರುಗಳ ಧೋತರದ ಅಂಚು ಯಾವಾಗಲೂ ಎಳೆ ಬಿಟ್ಟಿರುತ್ತಿತ್ತು. ತಂಬೂರಿಯ ನಾದ ಝೇಂಕರಿಸಲೆಂದು ತಂತಿಯಡಿ ಸಿಕ್ಕಿಸುವ ನೂಲನ್ನು ಅಲ್ಲಿಂದಲೇ ಕೀಳುತ್ತಿದ್ದರು. “ಅಂಗಡಿ ನೂಲು ದನೀಗೆ ಒಗ್ಗೂದಿಲ್ಲೋ.” ಒಳಗಿನಿಂದ ಅವರ ಹೆಂಡತಿ, “ಹಿಂಗಾದ್ರ ಲಂಗೋಟಿ ಅಷ್ಟ ಉಳೀತದ ನೋಡ್ರಿ” ಎಂದು ಕೂಗುತ್ತಿದ್ದರು.

ಪುಣೆಯ ಹಳೆಯ ವಾಡೆಯೊಂದರಲ್ಲಿ ಅವರ ಸಂಗೀತ ಶಾಲೆ. ಹುಡುಗರೆಲ್ಲ ಅಲ್ಲೇ ಉಂಡು, ನೀರು ಸೇದಿ, ಕಲಿಯುತ್ತಿದ್ದೆವು. ನಾನು ಗುರುಗಳ ಹಾಗೆಯೇ ಧಾರವಾಡದ ಕಡೆಯವನು, ಸಾಲಿ ಬಿಟ್ಟು ಬಂದಿದ್ದೆ; ನನಗಿದ್ದ ಆಸ್ತಿ ದನಿಯೊಂದೇ. ನಸುಕಿನಲ್ಲಿ ಮುಠಾ ನದಿಯ ಮಂಜು ಅಂಗಳ ತುಂಬುತ್ತಿತ್ತು. ಎಲ್ಲರೂ ಕೆಳಗಿನ ಷಡ್ಜ ಹಿಡಿದು ಕುಳಿತರೆ, ಆ ಅರೆನಿದ್ದೆಯಲ್ಲಿ ಯಾವುದು ನನ್ನ ದನಿ, ಯಾವುದು ಪಕ್ಕದವನದು ಎಂದು ತಿಳಿಯುತ್ತಿರಲಿಲ್ಲ.

ಮೀಸೆ ಮೂಡುವ ಹೊತ್ತಿಗೆ ಆ ದನಿ ಒಡೆಯಿತು. “ಕಾಗಿ ಬಂತು, ಪಿಂಡ ಇಡ್ರೆಲೇ!” ಎಂದು ಹುಡುಗರು ಕಾಡಿದರು. ನಾನು ಗಂಟು ಕಟ್ಟಿದೆ.

ಗುರುಗಳು ಬಾಗಿಲಿಗೆ ಅಡ್ಡ ನಿಂತರು. “ಎಲ್ಲಿಗೆ ಹೊಂಟೀ, ತಮ್ಮಾ?”

“ಊರಿಗ್ರಿ. ಹಾಡಾಕ ಬರದವ ಬಿಟ್ಟಿ ಕೂಳು ಯಾಕ ತಿನ್ನಬೇಕ್ರಿ?”

“ದನಿ ಈಗ ಬಾಣಂತಿ ಇದ್ದಂಗ. ಮಲಗಿರಲಿ ಬಿಡು. ಅಲ್ಲೀತನಕ ನನ್ನ ಹಿಂದ ಕುಂತು ತಂಬೂರಿ ಮೀಟು.”

ವರ್ಷ ಕಳೆದರೂ ಬಾಯಿ ತೆರೆಯಲು ನನಗೆ ಧೈರ್ಯ ಬರಲಿಲ್ಲ.

ಪುಣೆಯಾಚೆ ಘಾಟಿನ ಮೇಲಿನ ಸಾಸವಡದಲ್ಲಿ ಒಂದು ಮುಂಜಾನೆ ಹಾಡಿನ ಬೈಠಕ್. ಮಂದಿ ಸೇರಿದ ಮೇಲೆ ಗುರುಗಳು ನನ್ನ ಕೈಯಿಂದ ತಂಬೂರಿ ಇಸಿದುಕೊಂಡು ಎಲ್ಲ ತಂತಿಗಳನ್ನೂ ಸಡಿಲಿಸಿದರು. ತಮ್ಮ ಶ್ರುತಿಗಿಂತ ಬಹಳ ಕೆಳಗೆ. ಅಲ್ಲಿ ಅವರ ಕಂಠ ಮಂಕಾಗುತ್ತದೆಂದು ನನಗೆ ಗೊತ್ತಿತ್ತು. ಹಾಡಿದರು, ಮಂಕಾಗಿಯೇ ಕೇಳಿಸಿತು. “ಬುವಾಂಚಾ ಗಳಾ ಗೇಲಾ” ಎಂದು ಮುಂದೆ ಕುಳಿತವನೊಬ್ಬ ಗೊಣಗಿದ. ನಮ್ಮ ಗುರುಗಳ ಕಂಠ ಹೋಯಿತಂತೆ! ಗುರುಗಳು ನಕ್ಕು ನನ್ನ ಕಡೆ ತಿರುಗಿದರು. “ಈಗ ನೀ ಹಚ್ಚು.”

ಹೆದರುತ್ತಲೇ ಷಡ್ಜ ಹಚ್ಚಿದೆ. ದಪ್ಪನೆಯ ಹೊಸ ದನಿಯೊಂದು ತಂಬೂರಿಯ ಬುರುಡೆಯೊಳಗಿಂದ ಎದ್ದಂತೆ ಬಂದು ಸಭೆಯ ಮೇಲೆ ಹರಡಿತು. ಅದು ನನ್ನದೆಂದು ತಿಳಿಯಲು ನನಗೇ ಗಳಿಗೆ ಹಿಡಿಯಿತು.

ಮರಳುವಾಗ ಘಾಟ್ ಇಳಿಯುವ ಟಾಂಗಾದಲ್ಲಿ ಕೇಳಿದೆ: “ನನ್ನ ಸಲುವಾಗಿ ನಿಮ್ಮ ಹೆಸರು ಕೆಟ್ಟಿತಲ್ರಿ?”

“ನನ್ನ ಹಾಡು ಭಾಳ ಮಂದಿ ಕೇಳ್ಯಾರ. ನಿಂದು ಯಾರೂ ಕೇಳಿದ್ದಿಲ್ಲ” ಎಂದು ಹಿಂದಕ್ಕೆ ಒರಗಿ ತೂಕಡಿಸತೊಡಗಿದರು.

ಎಷ್ಟೋ ವರ್ಷಗಳ ಮೇಲೆ ಅವರು ತೀರಿಕೊಂಡ ದಿನ ಎಲ್ಲರೂ ನನಗೇ ಹಾಡೆಂದರು. ನಾನು ತಂತಿಗಳನ್ನು ಅವರ ಶ್ರುತಿಗೆ ಬಿಗಿದೆ. ಅಷ್ಟು ಎತ್ತರಕ್ಕೆ ನನ್ನ ಕಂಠ ಏರುವುದಿಲ್ಲ. ಅದು ಅವರ ಜಾಗ. ಬಾಯಿ ತೆರೆಯದೆ, ಅವರು ಮುಂದೆ ಕುಳಿತು ಹಾಡುತ್ತಿದ್ದಾರೆಂಬಂತೆ, ಹೆಣ ಎತ್ತುವವರೆಗೂ ಮೀಟುತ್ತಲೇ ಇದ್ದೆ.