ಹೈಡ್ರೋ ಪುಟದ ಕಾಕಾ

ಅವರ ಬಲಗೈಯ ತೋರುಬೆರಳಿಗೆ ಉಗುರಿರಲಿಲ್ಲ. ಎಂದೋ ಕಾರ್ಖಾನೆಯಲ್ಲಿ ಡ್ರಮ್ಮಿನ ಮುಚ್ಚಳಕ್ಕೆ ಸಿಕ್ಕಿ ಹೋದದ್ದು ಮತ್ತೆ ಬೆಳೆದಿರಲಿಲ್ಲ. ತುದಿ ಚಪ್ಪಟೆಯಾಗಿ, ನುಣ್ಣಗೆ, ಸ್ವಲ್ಪ ಎಡಕ್ಕೆ ವಾಲಿಕೊಂಡಿತ್ತು. ಆ ಒಂದೇ ಬೆರಳಿನಲ್ಲಿ ಅವರು ಕನ್ನಡ ಟೈಪು ಮಾಡುತ್ತಿದ್ದರು. ಪರಿಚಯವಿಲ್ಲದವರ ಮನೆಯ ಕರೆಗಂಟೆ ಒತ್ತುವ ಹಾಗೆ ಒಂದು ಕೀಲಿ ಒತ್ತಿ, ಅಕ್ಷರ ಬಂತೋ ಇಲ್ಲವೋ ಎಂದು ಕತ್ತೆತ್ತಿ ನೋಡಿ, ಆಮೇಲೆ ಮುಂದಿನದು. ಪಕ್ಕದಲ್ಲಿ ಕೂತವರ ಪ್ರಾಣ ಹೋಗುತ್ತಿತ್ತು. "ಕೊಡಿ ಕಾಕಾ, ನಾನು ಹೊಡೀತೀನಿ" ಅಂದರೆ, "ನೀ ಹೊಡದ್ರ ತಪ್ಪು ಜಲ್ದಿ ಆಗತಾವ, ಅಷ್ಟ" ಎನ್ನುತ್ತಿದ್ದರು.

ವಡೋದರಾದಲ್ಲಿ ಎಂ.ಎಸ್ಸಿ. ಓದುವಾಗ ನಾನು ಮಕರಪುರದ ಹತ್ತಿರ ಒಂದು ಮಹಡಿ ಮನೆಯಲ್ಲಿ ಬಾಡಿಗೆಗಿದ್ದೆ. ಕೆಳಗಿನ ಮನೆ ಅವರದು. ಬನಹಟ್ಟಿಯ ನೇಕಾರರ ಮನೆತನ. ಕೆಲಸ ಹುಡುಕಿಕೊಂಡು ಇಲ್ಲಿಗೆ ಬಂದು, ಕೈಗಾರಿಕಾ ವಸಾಹತಿನ ಒಂದು ಕಾರ್ಖಾನೆಯ ಲ್ಯಾಬಿನಲ್ಲಿ ಕೆಮಿಸ್ಟ್ ಆಗಿ ನಿವೃತ್ತರಾದವರು. ಹೆಂಡತಿ ತೀರಿಕೊಂಡಿದ್ದರು, ಮಗಳು ಮದುವೆಯಾಗಿ ಅಹಮದಾಬಾದಿನಲ್ಲಿದ್ದಳು. ಇಡೀ ಕಟ್ಟಡ ಅವರನ್ನು ಕಾಕಾ ಎನ್ನುತ್ತಿತ್ತು. ಚಿಕ್ಕಪ್ಪನಿಗೆ ಗುಜರಾತಿಯಲ್ಲೂ ಕಾಕಾ, ಅವರೂರ ಮಾತಿನಲ್ಲೂ ಕಾಕಾ. ಚಿತ್ರದುರ್ಗದ ನನಗೆ ಮೊದಮೊದಲು ಆ ಶಬ್ದ ನಾಲಿಗೆಗೆ ಒಗ್ಗಲಿಲ್ಲ, ಆಮೇಲೆ ಬೇರೆ ಏನೂ ಒಗ್ಗಲಿಲ್ಲ.

ನಿವೃತ್ತಿಯ ನಂತರ ಅವರು ಹಿಡಿದ ಕೆಲಸ ಅಂತರ್ಜಾಲದ ವಿಶ್ವಕೋಶಕ್ಕೆ ರಾಸಾಯನಿಕಗಳ ಬಗ್ಗೆ ಕನ್ನಡದಲ್ಲಿ ಪುಟ ಬರೆಯುವುದು. ಯಾರು ಬೇಕಾದರೂ ಬರೆಯಬಹುದಾದ, ಯಾರು ಬೇಕಾದರೂ ತಿದ್ದಬಹುದಾದ ವಿಶ್ವಕೋಶ ಅದು. ಆದ್ದರಿಂದಲೇ ನಿಯಮ ಬೇಕು ಎಂದು ಅವರ ಹಟ. ಕನ್ನಡದಲ್ಲಿ ರಾಸಾಯನಿಕಗಳ ಪುಟ ಹೇಗಿರಬೇಕು ಎಂಬ ನಿಯಮಾವಳಿಯನ್ನು ಕೂತು ಬರೆದವರು ಅವರೇ. ಪುಟದ ತಲೆಬರಹ ಶಾಸ್ತ್ರದ ಹೆಸರಿನಲ್ಲಿರಬೇಕು. ಸೂತ್ರದ ಅಂಕಿಗಳು ಸಾಲಿನಿಂದ ಕೆಳಗಿಳಿದು ಚಿಕ್ಕದಾಗಿ ಕೂರಬೇಕು. ಅವರ ಜೊತೆ ನಾನೂ ಬರೆಯತೊಡಗಿದ್ದೆ; ಒಂದು ಅಂಕಿ ಮೇಲೆ ಉಳಿದರೂ ಮಹಡಿಗೆ ಫೋನು ಬರುತ್ತಿತ್ತು. ಮೊದಲು ರಚನೆ, ಆಮೇಲೆ ತಯಾರಿಕೆ, ಗುಣಗಳು, ಉಪಯೋಗ, ಎಲ್ಲಕ್ಕಿಂತ ಕೊನೆಗೆ ಸುರಕ್ಷತೆ. ಹೀಗೆ ಮಾಡಿ ಹಾಗೆ ಮಾಡಿ ಎಂದು ಓದುಗರಿಗೆ ಹೇಳಕೂಡದು, ಏಕೆಂದರೆ "ವಿಶ್ವಕೋಶ ಕೈಪಿಡಿಯಲ್ಲ". ಈ ಕೊನೆಯ ವಾಕ್ಯವನ್ನು ಅವರು ದಪ್ಪಕ್ಷರದಲ್ಲಿ ಹಾಕಿದ್ದರು. ಅದೇ ವಾಕ್ಯ ಮುಂದೆ ಅವರ ಕುತ್ತಿಗೆಗೇ ಬಂತು.

ಪುಟದ ಬಲಗಡೆ ಒಂದು ಚೌಕಟ್ಟು ಇರುತ್ತದೆ. ಬಣ್ಣ, ವಾಸನೆ, ಕರಗುವ ಬಿಂದು, ಕುದಿಯುವ ಬಿಂದು ಎಂದು ಮನೆಗಳು. ಒಮ್ಮೆ ಒಂದು ಬಣ್ಣದ ಪುಡಿಯ ಕರಗುವ ಬಿಂದು ಎಷ್ಟು ಹುಡುಕಿದರೂ ಸಿಗದೆ, "ಸುಮಾರು ಅಂತ ಒಂದು ಹಾಕಿಬಿಡೋಣವೇ?" ಎಂದು ಕೇಳಿದೆ. ಕಾಕಾ ಕನ್ನಡಕ ತೆಗೆದು ನನ್ನನ್ನೇ ನೋಡಿದರು.

"ಗೊತ್ತಿಲ್ಲಂದ್ರ ಖಾಲಿ ಬಿಡು, ತಂಗಿ. ಖಾಲಿ ಜಾಗಾ ನೋಡಿ ಯಾರೂ ಸಾಯಂಗಿಲ್ಲ. ಸುಳ್ಳ ಅಂಕಿ ನಂಬಿ ಸಾಯ್ತಾರ."

ಇಷ್ಟೆಲ್ಲ ಯಾರಿಗಾಗಿ ಎಂದು ನಾನು ಕೇಳಿದ್ದುಂಟು. ಗುಜರಾತಿನಲ್ಲಿ ಕೂತು ಕನ್ನಡದಲ್ಲಿ ಸೋಡಿಯಂ ಡೈಥಯೋನೈಟ್ ಬಗ್ಗೆ ಬರೆದರೆ ಓದುವವರು ಯಾರು? ಅವರಿಗೆ ಸಿಟ್ಟು ಬಂತು. "ನಮ್ಮೂರಾಗ ಮನಿ ಮನಿಯೊಳಗ ನೂಲಿಗೆ ಬಣ್ಣ ಹಾಕ್ತಾರ. ಡಬ್ಬಿ ಮ್ಯಾಲೆ ಎಲ್ಲಾ ಇಂಗ್ಲಿಷ್. ಅದರಾಗ ಏನೈತಿ ಅಂತ ಅವರಿಗೆ ಯಾರು ಹೇಳಬೇಕು? ನೀ ಹೇಳ್ತೀಯೇನು?" ಸೋಡಿಯಂ ಡೈಥಯೋನೈಟ್ ಎಂದರೆ ಬಣ್ಣದ ಮನೆಗಳಲ್ಲಿ ಎಲ್ಲರೂ 'ಹೈಡ್ರೋ' ಎನ್ನುವ ಬಿಳಿ ಪುಡಿ. ಸ್ವಲ್ಪ ತೇವ ತಗುಲಿದರೂ ಒಳಗೊಳಗೇ ಬಿಸಿಯಾಗಿ, ತಾನಾಗಿ ಹೊತ್ತಿಕೊಂಡು, ಉಸಿರು ಕಟ್ಟಿಸುವ ಹೊಗೆ ಬಿಡುವಂಥದ್ದು. ಹೈಡ್ರೋ ಎಂದು ಹುಡುಕಿದರೂ ಶಾಸ್ತ್ರದ ಹೆಸರಿನ ಪುಟಕ್ಕೆ ಹೋಗುವ ಹಾಗೆ ಅವರು ದಾರಿ ಮಾಡಿಟ್ಟಿದ್ದರು. ಅಂಥ ದಾರಿಗಳಿಗೆ ಕೈಮರ ಎಂದು ಅವರದೇ ಹೆಸರು. "ಮಂದಿ ಯಾವ ಹೆಸರಿಂದ ಬಂದ್ರೂ ಮನಿ ಸಿಗಬೇಕು" ಎನ್ನುತ್ತಿದ್ದರು. ಆ ಪುಟ ಅವರ ಹೆಮ್ಮೆ. ನಿಯಮಾವಳಿಯಲ್ಲಿ ಮಾದರಿ ಎಂದು ತೋರಿಸಿದ್ದೂ ಅದನ್ನೇ.

ಓದು ಮುಗಿದು ನಾನು ಸೂರತ್ತಿಗೆ ಹೋದೆ. ಅಲ್ಲಿನ ಪಾಂಡೇಸರಾದಲ್ಲಿ ಬಟ್ಟೆಗೆ ಬಣ್ಣ ಹಾಕುವ ಒಂದು ಮಿಲ್ಲಿನ ಲ್ಯಾಬಿನಲ್ಲಿ ಕೆಲಸ. ಒಂದು ಮಧ್ಯಾಹ್ನ ಬಟ್ಟೆಯ ತುಂಡುಗಳನ್ನು ಹರಡಿಕೊಂಡು ಬಣ್ಣ ಹೊಂದಿಸುತ್ತಿರುವಾಗ ಕಾಕಾ ಫೋನು ಮಾಡಿದರು. ಹಲೋ ಕೂಡ ಇಲ್ಲ.

"ತಂಗಿ, ಹೈಡ್ರೋ ಪುಟದ್ದು ಚರ್ಚೆ ತಗದ ನೋಡು."

ಪ್ರತಿ ಪುಟದ ಹಿಂದೆ ಬರೆಯುವವರು ತಮ್ಮತಮ್ಮಲ್ಲಿ ಮಾತಾಡಿಕೊಳ್ಳಲು ಒಂದು ಚರ್ಚೆಯ ಪುಟ ಇರುತ್ತದೆ. ಓದುಗರು ಅಲ್ಲಿಗೆ ಬರುವುದೇ ಅಪರೂಪ. ಅಲ್ಲಿ ಯಾರೋ ಬರೆದಿದ್ದರು: "ಹೈಡ್ರೋ ಡಬ್ಬಿ ಬಾಳ ಬಿಸಿ ಆಗೇತ್ರಿ. ಹೊಗಿ ಬರಾಕತ್ತೈತಿ. ನೀರ ಹಾಕಬೇಕೇನ್ರಿ? ಜಲ್ದಿ ಹೇಳ್ರಿ."

ಹೆಸರಿಲ್ಲ. ಖಾತೆಯಿಲ್ಲದವರು ಬರೆದರೆ ಹೆಸರಿನ ಜಾಗದಲ್ಲಿ ಬರುವ ಅಂಕಿಗಳಷ್ಟೇ. ಬರೆದು ಆಗಲೇ ಒಂದು ವಾರವಾಗಿತ್ತು. ಆ ವಾರವೆಲ್ಲ ಕಾಕಾ ಕಣ್ಣಿನ ಪೊರೆ ತೆಗೆಸಿಕೊಂಡು ಮಗಳ ಮನೆಯಲ್ಲಿದ್ದರು, ಪರದೆ ನೋಡಬಾರದೆಂದು ಡಾಕ್ಟರು ಹೇಳಿದ್ದರು. ಆ ಪ್ರಶ್ನೆಯನ್ನು ಬೇರೆ ಯಾರೂ ನೋಡಿರಲಿಲ್ಲ, ಅಥವಾ ನೋಡಿಯೂ ಸುಮ್ಮನಿದ್ದರು.

ಅವರು ಆಗಲೇ ಉತ್ತರ ಬರೆದಿದ್ದರು. "ನೀರ ಚಿಮುಕಿಸಬ್ಯಾಡ್ರಿ. ಎಲ್ಲಾರೂ ಹೊರಗ ಬರ್ರಿ. ಹೊಗಿ ಕುಡೀಬ್ಯಾಡ್ರಿ. ಅಗ್ನಿಶಾಮಕದವರಿಗೆ ಹೈಡ್ರೋ ಅಂತ ಹೆಸರು ಹೇಳ್ರಿ." ಅದರ ಕೆಳಗೆ ಇನ್ನೊಂದು ಸಾಲು: "ಹೆಂಗದೀರಿ? ಒಂದು ಮಾತು ಬರೀರಿ." ವಾರ ಕಳೆದ ಮೇಲೆ ಅದನ್ನು ಒಂದೇ ಬೆರಳಿನಲ್ಲಿ ಹೊಡೆಯುತ್ತ ಕೂತಿದ್ದರು.

ಆ ಶನಿವಾರವೇ ರೈಲು ಹತ್ತಿ ವಡೋದರಾಕ್ಕೆ ಹೋದೆ. ಬಾಗಿಲು ತೆರೆದಿತ್ತು. ಕಾಕಾ ಅಂಗಿಯ ಗುಂಡಿಯನ್ನೂ ಹಾಕಿಕೊಳ್ಳದೆ ಫೋನು ಹಿಡಿದು ಬನಹಟ್ಟಿ, ರಬಕವಿ, ತೇರದಾಳ, ಮಹಾಲಿಂಗಪುರ ಎಂದು ಗೊತ್ತಿದ್ದವರಿಗೆಲ್ಲ ಕೇಳುತ್ತಿದ್ದರು. "ಹ್ವಾದ ವಾರ ಎಲ್ಲೇರ ಬಣ್ಣದ ಮನಿಗೆ ಬೆಂಕಿ ಬಿದ್ದಿತ್ತೇನಪಾ?" ಒಬ್ಬರು ಇಲ್ಲ ಎಂದರು. ಇನ್ನೊಬ್ಬರು ಎಲ್ಲೋ ಹೊಗೆ ಬಂದಿತ್ತಂತ ಎಂದರು. ಎಲ್ಲಿ, ಯಾರದು, ಅವರಿಗೂ ಗೊತ್ತಿಲ್ಲ. ಬರೆದವರು ಆ ಕಡೆಯವರೇ ಎಂಬುದಾದರೂ ಏನು ಖಾತ್ರಿ? ಮಾತಿನ ಧಾಟಿ ಆ ಕಡೆಯದು, ಅಷ್ಟೇ. ಸೊಲ್ಲಾಪುರದವರಿರಬಹುದು, ಇಳಕಲ್ಲಿನವರಿರಬಹುದು, ನಮ್ಮ ಪಾಂಡೇಸರಾದಲ್ಲೇ ಇದ್ದಿರಬಹುದು.

ಫೋನು ಕೆಳಗಿಟ್ಟು ಅವರು ಲ್ಯಾಪ್‌ಟಾಪನ್ನು ನನ್ನ ಕಡೆ ತಿರುಗಿಸಿದರು.

"ಇಲ್ಲಿ ತನಕಾ ಬಂದಾರ, ನೋಡು. ಕೈಮರ ಹಿಡದು ನನ್ನ ಪುಟಕ್ಕ ಬಂದಾರ. ಡಬ್ಬಿ ಹೊಗಿ ಬಿಡೂವಾಗ ಅವರಿಗೆ ನಾ ಏನು ಓದಿಸೀನಿ? ಅಣುವಿನ ರಚನೆ! ಗಂಧಕ-ಗಂಧಕದ ಬಂಧ ಎಷ್ಟ ಉದ್ದ ಅಂತ! ಸುರಕ್ಷತೆ ಎಲ್ಲೈತಿ? ತಳದಾಗ. ಅದನ್ನ ಅಲ್ಲಿ ಇಟ್ಟಾಂವ ಯಾರು?"

 ನಿಯಮ ಇರುವುದೇ ಹಾಗಲ್ಲವೇ ಕಾಕಾ, ಎಂದೆ. ಎಂಥ ಪೊಳ್ಳು ಸಮಾಧಾನ. ಅವರು ಕೈ ಬೀಸಿ ನನ್ನನ್ನು ಸುಮ್ಮನಾಗಿಸಿದರು.

ಅಂದೇ ಅವರು ಪುಟದ ನೆತ್ತಿಯ ಮೇಲೆ "ಎಚ್ಚರಿಕೆ: ನೀರು ಚಿಮುಕಿಸಬೇಡಿ, ಹೊರಗೆ ಓಡಿ" ಎಂದು ದೊಡ್ಡದಾಗಿ ಬರೆದರು. ಮರುದಿನ ಯಾರೋ ಅದನ್ನು ತೆಗೆದು ಕಾರಣ ನಮೂದಿಸಿದರು: ವಿಶ್ವಕೋಶ ಕೈಪಿಡಿಯಲ್ಲ. ಕಾಕಾ ಮತ್ತೆ ಹಾಕಿದರು, ಅವರು ಮತ್ತೆ ತೆಗೆದರು, ನಿಯಮಾವಳಿಯ ಕೊಂಡಿಯನ್ನೂ ಕೊಟ್ಟರು. ಕಾಕಾ ತಾವೇ ದಪ್ಪಕ್ಷರದಲ್ಲಿ ಬರೆದ ನಿಯಮ! ತೆಗೆದವರ ತಪ್ಪೇನೂ ಇರಲಿಲ್ಲ. ಅವರನ್ನು ತಯಾರು ಮಾಡಿದ್ದೂ ಕಾಕಾನೇ ಇರಬೇಕು. "ದಯವಿಟ್ಟು ಇರಗೊಡಿರಿ" ಎಂದು ಕಾಕಾ ಅವರನ್ನು ಬೇಡಿಕೊಂಡು ಬರೆದರು. ಯಾವತ್ತೂ ಯಾರನ್ನೂ ಬೇಡಿಕೊಂಡವರಲ್ಲ. ಕೊನೆಗೆ ಪುಟಕ್ಕೇ ಬೀಗ ಬಿತ್ತು. ಕೆಲ ದಿನ ಯಾರೂ ತಿದ್ದುವ ಹಾಗಿರಲಿಲ್ಲ.

ಬೀಗ ತೆಗೆದ ದಿನ ಫೋನಿನಲ್ಲಿ ಅವರ ದನಿ ಬೇರೆಯಾಗಿತ್ತು. "ಮೊದಲನೇ ವಾಕ್ಯದಾಗ ವಸ್ತು ಎದಕ್ಕ ಹೆಸರಾಗೇತಿ ಅಂತ ಬರೀಬೇಕು. ಅದೂ ನಿಯಮ ಐತಿ. ನಾ ಎಚ್ಚರಿಕೆ ಬರಿಯಂಗಿಲ್ಲ, ಗುಣಾ ಬರೀತೇನಿ." ಹಾಗೆಯೇ ಬರೆದರು: "ಸೋಡಿಯಂ ಡೈಥಯೋನೈಟ್, ಬಳಕೆಯಲ್ಲಿ ಹೈಡ್ರೋ, ತೇವ ತಾಗಿದರೆ ಬಿಸಿಯಾಗಿ ತಾನಾಗಿ ಹೊತ್ತಿಕೊಂಡು ವಿಷದ ಹೊಗೆ ಬಿಡುವ ಬಿಳಿ ಪುಡಿ." ಅದನ್ನು ಯಾರೂ ತೆಗೆಯಲಿಲ್ಲ.

ಆಮೇಲೆ ಅವರಿಗೆ ನಿಲ್ಲಲಿಕ್ಕೇ ಆಗಲಿಲ್ಲ. ಕಾಸ್ಟಿಕ್, ಬ್ಲೀಚು, ಆಸಿಡ್ಡು ಎಂದು ತಾವು ಬರೆದಿದ್ದ ಒಂದೊಂದೇ ಪುಟದ ತಳದಿಂದ ಅಪಾಯವನ್ನು ಎತ್ತಿ ಮೊದಲ ವಾಕ್ಯಕ್ಕೆ ತರತೊಡಗಿದರು. ಊಟಕ್ಕೆ ಏಳುತ್ತಿರಲಿಲ್ಲ. ಗಡ್ಡ ಬಿಟ್ಟರು. ನಡುನಡುವೆ ಹೈಡ್ರೋದ ಚರ್ಚೆ ಪುಟ ತೆಗೆದು ಏನಾದರೂ ಬಂದಿದೆಯೇ ಎಂದು ನೋಡುತ್ತಿದ್ದರು. ಇಲ್ಲ. ಮತ್ತೆ ಒಂದೇ ಬೆರಳು, ಮತ್ತೆ ಕತ್ತೆತ್ತಿ ನೋಡುವುದು. ಹೀಗೇ ಇರುವಾಗ ಎದೆನೋವು ಬಂತು. ಮಗಳು ಬಂದು ಅಹಮದಾಬಾದಿನ ಆಸ್ಪತ್ರೆಗೆ ಸೇರಿಸಿದಳು.

ಅಲ್ಲಿಗೂ ನಾನು ವಾರವಾರ ಹೋದೆ. ಹೋದಾಗಲೆಲ್ಲ ಮೂಗಿನ ನಳಿಕೆಯ ಹಿಂದಿನಿಂದ ಒಂದೇ ಮಾತು: "ಬಂತೇನು?" ನನ್ನನ್ನಷ್ಟೇ ಅಲ್ಲ, ನರ್ಸನ್ನೂ ಕೇಳುತ್ತಿದ್ದರಂತೆ, ಕನ್ನಡದಲ್ಲೇ.

ಕೊನೆಯ ಸಲ ಹೋದಾಗ ಮಗಳು ನನ್ನನ್ನು ವಾರ್ಡಿನ ಹೊರಗೇ ತಡೆದಳು. ಇಲ್ಲೇ ಹುಟ್ಟಿ ಬೆಳೆದವಳು, ಕನ್ನಡ ಅಷ್ಟಕ್ಕಷ್ಟೇ. "ಅಪ್ಪಾ ದಿನಾ ಅದ ಕೇಳ್ತಾರ. ನನಗ ಕನ್ನಡ ಬರಿಯಾಕ ಬರಂಗಿಲ್ಲ. ತೂ ಲಿಖ್ ದೇ ನಾ, ನೀ ಬರದ ಬಿಡು, ಪ್ಲೀಸ್. ಏಕ್ ಹೀ ಲೈನ್. 'ಹಮ್ ಸಬ್ ಠೀಕ್ ಹೈಂ', ಬಸ್. ಅವರಿಗೆ ಶಾಂತಿ ಸಿಗತೈತಿ." ಹೇಳುತ್ತ ಹೇಳುತ್ತ ಅತ್ತಳು.

ಖಾತೆಯಿಂದ ಹೊರಬಂದು ಬರೆದರೆ ಸಾಕಿತ್ತು, ಬರೀ ಅಂಕಿ ಬರುತ್ತಿತ್ತು; ಬರೆದದ್ದು ನಾನೆಂದು ಕಾಕಾಗೆ ತಿಳಿಯುತ್ತಿರಲಿಲ್ಲ. ಕಾರಿಡಾರಿನ ಬೆಂಚಿನ ಮೇಲೆ ಕೂತು "ನಾವೆಲ್ಲಾ ಆರಾಮ ಅದೀವ್ರಿ" ಎಂದು ಹೊಡೆದೆ. ಎಷ್ಟು ಸುಲಭವಾಗಿ ಬಂತು ಆ ಸಾಲು! ಅವರ ಮಾತನ್ನು ಅಷ್ಟು ವರ್ಷ ಕೇಳಿದ್ದೆನಲ್ಲ. ಪ್ರಕಟಿಸುವ ಗುಂಡಿಯ ಮೇಲೆ ಬೆರಳಿಟ್ಟುಕೊಂಡು ಕೂತೆ. ಒತ್ತಬೇಕೆಂದು ನನಗೆ ನಿಜವಾಗಿ ಆಸೆಯಿತ್ತು; ಆ ಮುದುಕರ ಮುಖ ಒಮ್ಮೆ ಸಡಿಲವಾಗುವುದನ್ನು ನೋಡಬೇಕಿತ್ತು. ಆಗಲಿಲ್ಲ. ಅಳಿಸಿ ಒಳಗೆ ಹೋದೆ.

"ಬಂತೇನು?"

"ಇಲ್ಲ ಕಾಕಾ. ಯಾರೂ ಬರೆದಿಲ್ಲ."

ಬಾಗಿಲಲ್ಲಿ ನಿಂತಿದ್ದ ಮಗಳು ಮುಖ ತಿರುಗಿಸಿಕೊಂಡಳು. ಮಲಗಿದ್ದ ಕಾಕಾನ ಕಣ್ಣಿನ ಅಂಚಿನಿಂದ ನೀರು ಇಳಿದು ಕಿವಿಗೆ ಹೋಯಿತು, ನಾನೇ ಒರೆಸಿದೆ. ಆಮೇಲೆ ಆ ಉಗುರಿಲ್ಲದ ಬೆರಳನ್ನು ಹಾಸಿಗೆಯ ಮೇಲೆ ಒಮ್ಮೆ ಒತ್ತಿದರು.

"ಹಂಗಾರ... ಖಾಲಿ ಬಿಡು," ಎಂದರು.

ಮುಂದಿನ ಶನಿವಾರದೊಳಗೆ ಅವರು ಹೋಗಿಬಿಟ್ಟಿದ್ದರು. ಅಂತ್ಯಕ್ರಿಯೆಗೆ ಹೋದಾಗ ಮಗಳು ನನ್ನ ಜೊತೆ ಮಾತಾಡಲಿಲ್ಲ. ಅವಳ ಸಿಟ್ಟಿಗೆ ನ್ಯಾಯವಿದೆ. ಒಂದು ಸಾಲು ಬರೆದಿದ್ದರೆ ನನ್ನ ಗಂಟೇನೂ ಹೋಗುತ್ತಿರಲಿಲ್ಲ ಎಂದು ನನಗೂ ಅನ್ನಿಸುತ್ತದೆ, ಹಾಗೆ ಅನ್ನಿಸಿದ ದಿನ ಕೆಲಸದಲ್ಲಿ ಮನಸ್ಸು ನಿಲ್ಲುವುದಿಲ್ಲ. ಮಿಲ್ಲಿನ ಗೋದಾಮಿನಲ್ಲಿ ಹೈಡ್ರೋ ಡಬ್ಬಿಗಳ ಸಾಲಿನ ಮುಂದೆ ಹಾದು ಹೋಗುವಾಗ ಒಂದೊಂದರ ಮೇಲೂ ಕೈಯಿಟ್ಟು ಬಿಸಿಯಿದೆಯೇ ಎಂದು ನೋಡುತ್ತೇನೆ. ಗೋದಾಮಿನವರು ನಗುತ್ತಾರೆ.

ಹೈಡ್ರೋದ ಚರ್ಚೆ ಪುಟದಲ್ಲಿ ಏನಾದರೂ ಬದಲಾದರೆ ನನ್ನ ಫೋನಿಗೆ ಸೂಚನೆ ಬರುವಂತೆ ಮಾಡಿಕೊಂಡಿದ್ದೇನೆ. ಒಮ್ಮೆ ಬಂತು. ಸೂರತ್ ಸ್ಟೇಷನ್ನಿನಲ್ಲಿದ್ದೆ, ನಿಂತಲ್ಲೇ ತೆಗೆದು ನೋಡಿದೆ. ಪುಟಗಳನ್ನು ತಾನಾಗಿ ತಿದ್ದುತ್ತ ತಿರುಗುವ ಯಾವುದೋ ಯಂತ್ರ ಬಂದು ಒಂದು ಅಲ್ಪವಿರಾಮ ಸರಿಪಡಿಸಿ ಹೋಗಿತ್ತು.

"ಹೆಂಗದೀರಿ? ಒಂದು ಮಾತು ಬರೀರಿ" ಎಂಬ ಕಾಕಾನ ಸಾಲಿನ ಕೆಳಗೆ ಇವತ್ತಿಗೂ ಏನೂ ಇಲ್ಲ. ಆ ಪ್ರಶ್ನೆ ಬರೆದ ಮನೆಯವರು ಬದುಕಿದ್ದಾರೆ ಎಂದು ನಾನು ನಂಬಿಕೊಂಡಿರುವುದು ಆ ಖಾಲಿ ಜಾಗವನ್ನು ನೋಡಿಯೇ; ಸತ್ತರೆಂದೂ ಅಲ್ಲಿ ಯಾರೂ ಬರೆದಿಲ್ಲವಲ್ಲ. ಅದನ್ನು ನಾನು ತುಂಬಿಲ್ಲ.