ಒಂದು ಹಿಡಿ ತೌಡಿನ ಹೆಸರು

"ಇದು ಆಗೋ ಕೆಲ್ಸ ಅಲ್ಲ ಕಣಮ್ಮ" ಎಂದವರು ಜನನ ಮರಣ ನೋಂದಣಿಯ ಗುಮಾಸ್ತರು. ನನಗೆ ಆ ಮಾತು ಹೊಸದೇನಲ್ಲ. ಹತ್ತನೇ ತರಗತಿ ಮುಗಿಸಿದಾಗ ನನ್ನ ಸೋದರಮಾವನೂ ಅಂದಿದ್ದ: "ಕುರಿ ಕಾಯೋರ ಮನೇಲಿ ಡಿಗ್ರಿಯಾ? ಹಂಗೇನಾರ ಆಗ್ಬುಟ್ರೆ ಮೀಸೆ ಬೋಳಿಸ್ಕಂತೀನಿ." ಪದವಿ ಬಂದು ಎಷ್ಟೋ ವರ್ಷವಾಯಿತು. ಅವನ ಮೀಸೆ ಈಗಲೂ ಹಾಗೇ ಇದೆ.

ನಮ್ಮ ಮನೆಯಲ್ಲಿ ಮೊದಲು ಪದವಿ ಪಡೆದವಳು ನಾನು. ಆ ಹೆಮ್ಮೆ ಇನ್ನೂ ಇದೆ, ಇಲ್ಲ ಎಂದರೆ ಸುಳ್ಳಾಗುತ್ತದೆ. ಆದರೆ ಆವತ್ತಿನಿಂದ ಮನೆಯ ಕಾಗದಪತ್ರವೆಲ್ಲ ನನ್ನ ತಲೆಗೇ ಬಂತು. ರೇಷನ್ ಕಾರ್ಡು, ಪಹಣಿ, ಅಮ್ಮನ ಪಿಂಚಣಿ, ಎಲ್ಲದಕ್ಕೂ ನಾನೇ ರಜೆ ಹಾಕಬೇಕು. ಕೊರಟಗೆರೆಯ ಶಾಲೆಯಲ್ಲಿ ಪಾಠ ಮಾಡುವವಳು, ಸಾಲು ಸಾಲು ಕಿಟಕಿಗಳ ಮುಂದೆ ನಿಂತೇ ಅರ್ಧ ಆಯಸ್ಸು ಕಳೆದಿದ್ದೇನೆ. ಈ ಸಲ ಬಂದದ್ದು ತಮ್ಮನ ಮಗಳ ಹೆಸರಿನ ಕೆಲಸ.

ಹೆಸರು ತೌಡ್ವಿ. ಕೇಳಿದವರೆಲ್ಲ ಅರ್ಥ ಏನು ಎನ್ನುತ್ತಾರೆ. ಸಂಸ್ಕೃತವೇ, ದೇವಿಯ ಹೆಸರೇ ಎಂದು ಕೇಳಿದವರಿದ್ದಾರೆ. ನನ್ನ ಸಹೋದ್ಯೋಗಿಯೊಬ್ಬರು ಮೊಬೈಲಿನಲ್ಲಿ ಹುಡುಕಿ, "ಬೆಳಕಿನ ಕಿರಣ ಅಂತ ಇರ್ಬೋದು ಟೀಚರ್" ಎಂದರು. ಬೆಳಕೂ ಇಲ್ಲ, ಕಿರಣವೂ ಇಲ್ಲ. ತೌಡು ಅಂದರೆ ತೌಡೇ. ಅಕ್ಕಿ ಮಾಡಿಸಿದಾಗ ಉದುರುವುದು, ಎಮ್ಮೆಗೆ ಕಲಸಿ ಇಡುವುದು.

ತಮ್ಮನ ಹೆಂಡತಿ ಪಾವಗಡದ ಕಡೆ ಬಲಸಮುದ್ರದವಳು. ಗಂಡನ ಅಕ್ಕನಾದ ನನ್ನನ್ನು ತೆಲುಗಿನ ರೂಢಿಯಲ್ಲಿ ವದಿನ ಎನ್ನುತ್ತಾಳೆ. ಅವಳ ಮೊದಲ ಎರಡು ಕೂಸುಗಳೂ ಉಳಿಯಲಿಲ್ಲ. ಒಂದು ಒಂಬತ್ತು ದಿನ ಇತ್ತು, ಇನ್ನೊಂದು ಎರಡು ತಿಂಗಳು. ಮೂರನೆಯದು ಹುಟ್ಟಿದಾಗ ಮನೆಯಲ್ಲಿ ಯಾರೂ ಸಿಹಿ ಹಂಚಲಿಲ್ಲ. ಅದರ ಮುಖ ನೋಡಿ ಚೆಂದ ಎನ್ನುವುದಕ್ಕೂ ಎಲ್ಲರಿಗೂ ಭಯ.

ಹೀಗಾದ ಮನೆಗೆ ನಮ್ಮಲ್ಲಿ ಒಂದು ದಾರಿ ಇದೆ. ಕೂಸನ್ನು ಮೊರದಲ್ಲಿ ಮಲಗಿಸಿ ತಿಪ್ಪೆಯ ಅಂಚಿಗೆ ಇಟ್ಟು, ತಿರುಗಿ ನೋಡದೆ ಬಂದುಬಿಡಬೇಕು. ಹೆತ್ತ ಮಕ್ಕಳನ್ನೆಲ್ಲ ಉಳಿಸಿಕೊಂಡ ಹೊರಗಿನ ಹೆಂಗಸೊಬ್ಬಳು ಬಂದು, ಬಿಸಾಡಿದ ಕೂಸು ಸಿಕ್ಕಿತೆಂದು ಎತ್ತಿಕೊಳ್ಳಬೇಕು. ಹೆತ್ತವಳು ಒಂದು ಹಿಡಿ ತೌಡು ಕೊಟ್ಟು ಅವಳಿಂದ ಕೂಸನ್ನು ಕೊಂಡುಕೊಳ್ಳಬೇಕು. ತಿಪ್ಪೆಗೆ ಬಿದ್ದದ್ದು, ತೌಡಿಗೆ ಮಾರಿದ್ದು. ಇಂಥ ಕಡೆಗೆ ಸಾವು ಕಣ್ಣು ಹಾಯಿಸುವುದಿಲ್ಲ ಎಂಬ ನಂಬಿಕೆ. ಐದು ವರ್ಷ ತುಂಬುವವರೆಗೆ ಇದು ನನ್ನ ಮಗು ಎಂದು ಯಾರೂ ಬಾಯಿಬಿಟ್ಟು ಹೇಳುವಂತಿಲ್ಲ.

ಎತ್ತಿಕೊಂಡವರು ಸಿರಾದಿಂದ ನಮ್ಮೂರಿಗೆ ಬಳೆ ಮಾರಲು ಬರುವ ಸಾಬರ ಹೆಂಗಸು. ಊರೆಲ್ಲ ಅವರನ್ನು ಬೂಬಮ್ಮ ಎನ್ನುತ್ತದೆ. ಐದು ಹೆತ್ತು ಐದನ್ನೂ ಉಳಿಸಿಕೊಂಡವರು. ತೌಡನ್ನು ಸೆರಗಿಗೆ ಕಟ್ಟಿಕೊಂಡು, "ಇದ್ಕೆ ತೌಡಮ್ಮ ಅನ್ನಿ" ಎಂದರು. ಹೆಸರಿಡುವ ಹಕ್ಕು ಮಾರಿದವರದು. ಸಂಜೆ ತಮ್ಮನ ಹೆಂಡತಿ ನನ್ನ ಹತ್ತಿರ ಬಂದಳು. "ವದಿನಾ, ಸ್ಕೂಲಲ್ಲಿ ನಗ್ತಾರೆ. ತೌಡು ಇರ್ಲಿ, ತೆಗೆಯೋದು ಬ್ಯಾಡ. ಸ್ವಲ್ಪ ಈಗಿನ ಕಾಲದ್ದು ಮಾಡ್ಕೊಡಿ." ಅವಳು ಕೇಳಿದ್ದು ನನಗೆ ಅರ್ಥವಾಗದ್ದೇನಲ್ಲ. ತನ್ವಿ, ಮಾನ್ವಿ ಇದ್ದ ಹಾಗೆ ತೌಡ್ವಿ ಮಾಡಿಕೊಟ್ಟೆ. ಅಮ್ಮ ಎರಡು ಸಲ ಬಾಯಲ್ಲಿ ಆಡಿಸಿ ನೋಡಿ, "ತೌಡು ಐತಲ್ಲ, ಸಾಕು ಬುಡು" ಎಂದಳು.

ಜನನ ನೋಂದಣಿ ಆಸ್ಪತ್ರೆಯಲ್ಲೇ ಆಗಿತ್ತು. ಹೆಸರು ಸೇರಿಸುವುದಷ್ಟೇ ಬಾಕಿ. ನನ್ನ ತಮ್ಮ ಪಾವಗಡದ ಸೋಲಾರ್ ಪಾರ್ಕಿನ ಕೆಲಸಕ್ಕೆ ಹೋಗುವ ಮೊದಲು ಅರ್ಜಿಗೆ ಸಹಿ ಹಾಕಿದ್ದ. ನಾನು, ಅಮ್ಮ, ಕೂಸನ್ನೆತ್ತಿಕೊಂಡ ತಮ್ಮನ ಹೆಂಡತಿ ಮಧುಗಿರಿಗೆ ಹೋದೆವು. ಅರ್ಜಿ ತೆಗೆದುಕೊಂಡ ಗುಮಾಸ್ತರು ಸುಮ್ಮನೆ ಮಾತಿಗೆಂದು, "ಮೊಮ್ಮಗಳಾ ಅಜ್ಜಿ?" ಎಂದರು.

"ನಮ್ದಲ್ಲಪ್ಪ" ಎಂದಳು ಅಮ್ಮ. "ತಿಪ್ಪೆ ಮ್ಯಾಲಿತ್ತು. ತೌಡು ಕೊಟ್ಟು ಕೊಂಡ್ಕೊಂಡ್ವಿ."

ಅವರ ಪೆನ್ನು ನಿಂತಿತು. ತಮ್ಮನ ಹೆಂಡತಿಯ ಕಡೆ ತಿರುಗಿ, "ನೀವು ತಾಯಿ ತಾನೇ?" ಎಂದರು. ಅವಳು ಕೂಸಿನ ಮುಖದ ಮೇಲೆ ಸೆರಗು ಎಳೆದಳು. ಹೌದು ಎಂದರೆ ಕೂಸು ಹೋಗುತ್ತದೆ ಎಂಬ ಭಯ, ಅಲ್ಲ ಎನ್ನಲು ಬಾಯಿ ಬಾರದು. ಎರಡು ಸಲ ಮಣ್ಣು ಮಾಡಿ ಬಂದವಳಿಗೆ ನಾನು ಏನು ಹೇಳಲಿ.

"ಕೊಂಡ ಮಗೂಗೆ ಹೆಸ್ರು ಹಾಕಕ್ಕಾಗಲ್ಲ. ಮೇಲಿನೋರಿಗೆ ಬರೀಬೇಕಾಗ್ತದೆ. ಇದು ಆಗೋ ಕೆಲ್ಸ ಅಲ್ಲ ಕಣಮ್ಮ."

ಸಂಪ್ರದಾಯ ಎಂದು ಹೇಳಿ ನೋಡಿದೆ. "ಹಂಗಿದ್ರೆ ಮಾರ್ದೋರ್ನ ಕರ್ಕೊಂಬನ್ನಿ" ಎಂದರು. ಬಸ್ಸಿನಲ್ಲಿ ವಾಪಸು ಬರುವಾಗ ನನಗೆ ಯಾರ ಮೇಲೂ ಸಿಟ್ಟು ಬರಲಿಲ್ಲ. ಸಿಟ್ಟಿಗೂ ಒಂದಿಷ್ಟು ಕಸುವು ಬೇಕು.

ಮುಂದಿನ ವಾರ ಇನ್ನೊಂದು ರಜೆ. ಬೂಬಮ್ಮ ಬಳೆಯ ಮೂಟೆಯ ಸಮೇತ ನಮ್ಮೆಲ್ಲರ ಜೊತೆ ಬಂದರು. ಕಿಟಕಿಯ ಮುಂದೆ ನಿಂತು, "ಹೌದು ಸಾಬ್, ನಾನೇ ಮಾರಿದ್ದು" ಎಂದುಬಿಟ್ಟರು. "ಒಳ್ಳೆ ತೌಡು. ನಮ್ ಮೇಕೆ ತಿಂತು."

ಗುಮಾಸ್ತರು ಹಣೆ ಹಿಡಿದುಕೊಂಡರು.

ಪದವಿ ಪತ್ರದ ಜೆರಾಕ್ಸ್ ಇಲ್ಲದೆ ನಾನು ಯಾವ ಕಚೇರಿಗೂ ಹೋಗುವವಳಲ್ಲ. ಆದರೆ ಅದನ್ನು ತೋರಿಸುವಾಗ ಹೆಸರಿನ ಮೇಲೆ ಹೆಬ್ಬೆರಳು ಇಟ್ಟುಕೊಳ್ಳುವ ಚಾಳಿ ನನಗಿದೆ. ಎಲ್ಲ ಕಡೆ ಇನಿಷಿಯಲ್ಲಿನಲ್ಲೇ ಮುಗಿಸುತ್ತೇನೆ. ಶಾಲೆಯ ಹಾಜರಿ ಪುಸ್ತಕದಲ್ಲೂ ನನ್ನ ಪೂರ್ತಿ ಹೆಸರಿಲ್ಲ. ಆವತ್ತು ಬೆರಳು ತೆಗೆದು ಹಾಳೆಯನ್ನು ಅವರ ಮುಂದೆ ಇಟ್ಟೆ.

"ಓದಿ ಸಾರ್. ನನ್ನ ಹೆಸರಲ್ಲೂ ತಿಪ್ಪೆ ಇದೆ. ನನಗಿಂತ ಮೊದಲು ಮೂರು ಕೂಸು ಹೋಗಿದ್ವು. ನನ್ನನ್ನೂ ನಮ್ಮಮ್ಮ ಹಿಂಗೇ ಕೊಂಡಿದ್ದು. ಕೊಂಡ ಕೂಸು ಬಿ.ಎ. ಮಾಡಿದೆ."

ಅವರು ಓದಿದರು. ನನ್ನನ್ನೊಮ್ಮೆ, ಅಮ್ಮನನ್ನೊಮ್ಮೆ ನೋಡಿದರು. "ನಮ್ ಪಾವಗಡದ ಕಡೆ ತೆಲುಗಲ್ಲಿ ತಿಪ್ಪೆಗೆ ಪೆಂಟ ಅಂತಾರೆ" ಎಂದರು, ದನಿ ತಗ್ಗಿಸಿ. "ನಮ್ಮಜ್ಜಿ ಹೆಸ್ರಲ್ಲೂ ಅದೇ ಇತ್ತು. ಯಾಕೆ ಅಂತ ನಾನು ಯಾವತ್ತೂ ಕೇಳ್ಲಿಲ್ಲ." ಆಮೇಲೆ ಆಸ್ಪತ್ರೆಯ ದಾಖಲೆ ತೆಗೆಸಿ ನೋಡಿದರು. ಎಲ್ಲ ಸರಿಯಿತ್ತು. "ಆದ್ರೂ ತಾಯಿ ಸಹಿ ಬೇಕೇ ಬೇಕಮ್ಮ. ಅದನ್ನ ನಾನು ಬಿಡಕ್ಕಾಗಲ್ಲ."

ತಮ್ಮನ ಹೆಂಡತಿ ಪೆನ್ನು ಹಿಡಿದಳು. 'ತಾಯಿಯ ಸಹಿ' ಎಂಬ ಜಾಗದ ಹತ್ತಿರ ತಂದು ಮತ್ತೆ ಮೇಲೆತ್ತಿದಳು. ಅಮ್ಮ ಗೋಡೆಯ ಕಡೆ ತಿರುಗಿಕೊಂಡಳು, ತಾನು ನೋಡದಿದ್ದರೆ ಇನ್ಯಾರೂ ನೋಡುವುದಿಲ್ಲ ಎನ್ನುವಂತೆ. ಬೂಬಮ್ಮ ಕೂಸನ್ನು ತಮ್ಮ ತೋಳಿಗೆ ತೆಗೆದುಕೊಂಡರು.

"ಹಾಕು ಬೇಟಿ. ಬಾಯಲ್ಲಿ ಏನೂ ಹೇಳ್ಬ್ಯಾಡ, ಸಹಿ ಹಾಕು. ಮಾರಿದ್ದು ಮಾರಿದ್ದೇ. ನಾನು ವಾಪಸ್ ಕೇಳಲ್ಲ, ಯಾರೂ ಕೇಳಲ್ಲ."

ಅವಳು ಸಹಿ ಹಾಕಿದಳು. ಕೂಸು ನಿದ್ದೆಯಲ್ಲೇ ಇತ್ತು.

ಜನನ ಪತ್ರ ಅಚ್ಚಾಗಿ ಬರುವ ಹೊತ್ತಿಗೆ ಊಟದ ವೇಳೆ ಮೀರಿತ್ತು. ಗುಮಾಸ್ತರು ಮೊಹರು ಒತ್ತಿ, ಹಾಳೆಯನ್ನು ಕಿಟಕಿಯಿಂದ ನನ್ನ ಕಡೆ ನೀಡಿದರು. ಇಷ್ಟು ವರ್ಷವೂ ಎಲ್ಲ ಕಾಗದಗಳನ್ನು ಈಸಿಕೊಂಡವಳು ನಾನೇ ಅಲ್ಲವೇ, ಕೈ ತಾನಾಗಿಯೇ ಮುಂದೆ ಹೋಯಿತು. ಅಮ್ಮ ಗೋಡೆ ಬಿಟ್ಟು ಈ ಕಡೆ ತಿರುಗಿ ನನ್ನ ಕೈ ಹಿಡಿದಳು.

"ರಸೀತಿ ಅವಳ ಕೈಗೇ ಕೊಡಪ್ಪ" ಎಂದಳು. "ಕೊಂಡೋಳು ಅವಳು."