‘ನಾಗಾ’ ಎಂದು ತುಂಬಿದ ಕಾಲಂ

ಒಮಾನ್ ದೇಶದ ದುಕ್ಮ್‌ನಲ್ಲಿ ತೈಲ ಟ್ಯಾಂಕುಗಳ ಕಾಮಗಾರಿಯಲ್ಲಿ ನಾನು ಸೇಫ್ಟಿ ಆಫೀಸರ್ ಆಗಿದ್ದ ಎರಡನೇ ವರ್ಷದ ಪ್ರಕರಣವಿದು. ಹೊಸಬನಿಗೆ ಹಿಂದಿ ಬಾರದಿದ್ದರೆ ಅವನ ಭಾಷೆಯ ಹಳಬನೊಬ್ಬನನ್ನು ಜೋಡಿ ಮಾಡುವುದು ನಮ್ಮ ಪದ್ಧತಿ.

ನಾಗಾಲ್ಯಾಂಡಿನಿಂದ ಹೊಸದಾಗಿ ಬಂದ, ಹಿಂದಿ ಬಾರದ ಹೆಲ್ಪರ್ ಮನ್ವಾಂಗ್‌ನ ಫಾರಂನಲ್ಲಿ, ಭಾಷೆಯ ಕಾಲಂನಲ್ಲಿ ‘ನಾಗಾ’ ಎಂದಿತ್ತು. ಮಣಿಪುರದ ಫಿಟ್ಟರ್ ಸೋಮಿಯ ಫಾರಂನಲ್ಲೂ ಹಾಗೆಯೇ ಇತ್ತು. ಇಬ್ಬರನ್ನೂ ಜೋಡಿ ಮಾಡಿದೆ.

ಬೆಳಿಗ್ಗೆ ಟ್ಯಾಂಕಿನ ಬಳಿ ಹಿಂದಿಯಲ್ಲಿ ನಿಯಮ ಹೇಳಿದೆ. ಒಳಗೆ ಆಮ್ಲಜನಕ ಶೇಕಡಾ 19.5ಕ್ಕಿಂತ ಇಳಿದರೆ ಅಲಾರಂ ಕೂಗುತ್ತದೆ. ಒಳಗಿದ್ದವರು ಹೊರಬರಬೇಕು, ಹೊರಗಿದ್ದವರು ಒಳಹೋಗಕೂಡದು.

“ಸರ್, ಇವನಿಗೆ ನನ್ನ ಮಾತು...” ಎಂದು ಸೋಮಿ ಶುರುಮಾಡಿದ.

“ಇಬ್ಬರೂ ನಾಗಾ ತಾನೆ? ಯಲ್ಲಾ, ಬೇಗ ಹೇಳು,” ಎಂದೆ.

ಸೋಮಿ ಏನೋ ಹೇಳಿ ಕೈಸನ್ನೆ ಮಾಡಿದ. ಮನ್ವಾಂಗ್ ತಲೆಯಾಡಿಸಿದ. ಅರ್ಥವಾಯಿತೆಂದು ನಾನು ಪಟ್ಟಿಯಲ್ಲಿ ಟಿಕ್ ಹಾಕಿದೆ.

ಹತ್ತೂವರೆಗೆ ಅಲಾರಂ ಕೂಗಿತು. ಒಳಗಿದ್ದ ಮೂವರು ಹೊರಬಂದರು. ಹೊರಗೆ ನಿಂತಿದ್ದ ಮನ್ವಾಂಗ್ ಅವರನ್ನು ಸರಿಸಿಕೊಂಡು ಒಳನುಗ್ಗಿದ. ನಾನು ಇಪ್ಪತ್ತಡಿ ದೂರದಲ್ಲಿದ್ದೆ. ಕೂಗಿದೆ. ನಿಂತಲ್ಲಿಂದಲೇ ರಕ್ಷಣಾ ತಂಡವನ್ನು ಕರೆದೆ. ಉಸಿರಾಟದ ಸೆಟ್ ಹಾಕಿಕೊಂಡ ರಕ್ಷಣಾ ತಂಡ ಅವನನ್ನು ಹೊರಗೆಳೆದಾಗ ತುಟಿ ನೀಲಿಯಾಗಿತ್ತು. ಉಸಿರಿತ್ತು.

ನಮ್ಮ ಮ್ಯಾನೇಜರ್ ಮಂಗಳೂರಿನವರು. “ನಿಯಮ ಮುರಿದ ಅಂತ ಬರೀರಿ ಮಾರಾಯ್ರೆ. ಊರಿಗೆ ಕಳಿಸುವಾ, ಖಲಾಸ್,” ಎಂದರು.

ವರದಿ ಬರೆಯುವ ಮೊದಲು ಕ್ಲಿನಿಕ್‌ಗೆ ಹೋದೆ. ಕ್ರೇನ್‌ಗೆ ಭಾರ ಕಟ್ಟುವ ರಿಗ್ಗರ್, ಅಸ್ಸಾಮಿನ ದೀಪಕ್, ಅವನೊಡನೆ ನಾಗಾಮೀಸ್‌ನಲ್ಲಿ ಮಾತಾಡುತ್ತಿದ್ದ. ಅಸ್ಸಾಮಿಯಿಂದ ಹುಟ್ಟಿದ ಆ ಸಂತೆಭಾಷೆಯಲ್ಲೇ ನಾಗಾಲ್ಯಾಂಡಿನ ಬೇರೆ ಬೇರೆ ಬುಡಕಟ್ಟಿನವರು ಪರಸ್ಪರ ಮಾತಾಡುತ್ತಾರಂತೆ. ಮಣಿಪುರದ ಸೋಮಿಗೆ ಅದು ಬಾರದು. ಯಾಕೆ ಒಳಹೋದೆ ಎಂದು ದೀಪಕ್‌ನ ಮೂಲಕ ಮನ್ವಾಂಗ್‌ನನ್ನು ಕೇಳಿಸಿದೆ.

“ಅವರೂರಲ್ಲಿ ದೊಡ್ಡ ಮರದ ನಗಾರಿ ಇದೆಯಂತೆ ಸರ್,” ಎಂದ ದೀಪಕ್. “ಆಪತ್ತಿಗೆ ಅದನ್ನು ಬಡಿದರೆ ಎಲ್ಲರೂ ಅದರ ಕಡೆಗೇ ಓಡಬೇಕಂತೆ. ಓಡದವನು ಹೇಡಿ.”

ಬಾಗಿಲಲ್ಲಿದ್ದ ಸೋಮಿ ನನ್ನನ್ನೇ ನೋಡುತ್ತಿದ್ದ. “ನೀವೂ ಇಂಡಿಯನ್ ಅಲ್ವಾ ಸರ್? ಪಂಜಾಬಿಯಲ್ಲಿ ಎರಡು ಮಾತು ಹೇಳಿ ನೋಡೋಣ.”

ನಾಗಾ ಎಂಬುದು ಜನಸಮೂಹಗಳ ಹೆಸರು, ಒಂದು ಭಾಷೆಯದಲ್ಲ ಎಂದು ಆಮೇಲೆ ಓದಿ ತಿಳಿದೆ. ಸೋಮಿಯದು ತಾಂಗ್‌ಖುಲ್, ಮನ್ವಾಂಗ್‌ನದು ಕೊನ್ಯಾಕ್. ಕೊನ್ಯಾಕ್ ಅನ್ನು ಹಲವು ಭಾಷಾಶಾಸ್ತ್ರಜ್ಞರು ಬೋಡೊ, ಗಾರೊಗಳ ಗುಂಪಿಗೆ ಸೇರಿಸುತ್ತಾರೆ. ತಾಂಗ್‌ಖುಲ್ ಬೇರೆಯೇ ಕವಲು. ನಾನು ತುಳು ಮಾತಾಡುವವ. ಕ್ಯಾಂಪಿನಲ್ಲಿ ಯಾರಾದರೂ ಮದ್ರಾಸಿ ಎಂದರೆ ಇವತ್ತಿಗೂ ತಿದ್ದುತ್ತೇನೆ.

ವರದಿಯಲ್ಲಿ ಕಾರಣದ ಜಾಗದಲ್ಲಿ ನನ್ನ ಹೆಸರು ಬರೆದೆ. ನನಗೆ ವಾರ್ನಿಂಗ್ ಲೆಟರ್ ಬಂತು. ಮನ್ವಾಂಗ್‌ನ ಕೆಲಸ ಉಳಿಯಿತು. ಈಗ ತಲೆಯಾಡಿಸಿದವರಿಗೆ ನಾನು ಟಿಕ್ ಹಾಕುವುದಿಲ್ಲ, ಮಾಡಿ ತೋರಿಸು ಎನ್ನುತ್ತೇನೆ.

ಮುಂದಿನ ತಿಂಗಳ ಡ್ರಿಲ್‌ನಲ್ಲಿ ಅಲಾರಂ ಕೂಗಿದಾಗ ಮನ್ವಾಂಗ್ ಟ್ಯಾಂಕಿಗೆ ಬೆನ್ನುಮಾಡಿ ಓಡಿದ. ಅರ್ಧ ದಾರಿಯಲ್ಲಿ ನಿಂತು, ಒಳಗೆ ಯಾರಾದರೂ ಉಳಿದಿದ್ದಾರೆಯೇ ಎಂದು ತಿರುಗಿ ನೋಡಿದ. ಅವನು ಮತ್ತೆ ಓಡತೊಡಗುವವರೆಗೆ ನಾನು ಟಿಕ್ ಹಾಕಲು ಪೆನ್ನು ಎತ್ತಲಿಲ್ಲ.